ಬಾಕಿ ಉಳಿದ ಐದು ದಿನ

ಮಕ್ಕಳೇ, ಹೋದ ರವಿವಾರ ನನ್ನ ಮೊಮ್ಮಗಳು ಇನ್ನೂರು ಪುಟದ ಒಂದು ನೋಟುಬುಕ್ಕು ತಂದು ನನ್ನ ಚಹಾದ ಕಪ್ಪಿನ ಪಕ್ಕ ಇಟ್ಟಳು. ಅವಳು ಏಳನೇ ಇಯತ್ತೆ. ನಾವಿರುವುದು ಬೆಳಗಾವಿಯ ಟಿಳಕವಾಡಿಯಲ್ಲಿ.

"ಅಜ್ಜಾ, ಇದನ್ನ ಚೆಕ್ ಮಾಡಿ ಕೊಡು. ನೀ ಬ್ಯಾಂಕಿನಾಗ ಇದ್ದಿ ಅಲ್ಲಾ, ಲೆಕ್ಕದಾಗ ತಪ್ಪಿದ್ರ ನಿನಗ ಲಗೂನ ಸಿಗತೈತಿ" ಅಂದಳು.

ತೆಗೆದು ನೋಡಿದರೆ ಒಂದು ಹೊಸ ಲೋಕವೇ ಇತ್ತು. ಊರಿನ ಹೆಸರು ಮುಗಿಲೂರು. ಅಲ್ಲೊಬ್ಬ ರಾಣಿ, ಮಾತಾಡುವ ಒಂದು ಗೂಬೆ, ಆಕಾಶದಲ್ಲಿ ಎರಡು ಚಂದ್ರ. ಕಥೆ ಇನ್ನೂ ಒಂದು ಪುಟವೂ ಆಗಿಲ್ಲ, ಪಂಚಾಂಗ ಮಾತ್ರ ಎಂಟು ಪುಟ! ದೊಡ್ಡ ಚಂದ್ರನಿಗೆ ಹುಣ್ಣಿಮೆಯಿಂದ ಹುಣ್ಣಿಮೆಗೆ 36 ದಿನ. ಅದೇ ಒಂದು ತಿಂಗಳು. ವಾರಕ್ಕೆ ಆರೇ ದಿನ, ಹಾಗಾಗಿ ತಿಂಗಳಿಗೆ ಸರಿಯಾಗಿ ಆರು ವಾರ. ವರ್ಷಕ್ಕೆ ಹತ್ತು ತಿಂಗಳು. ಮಾವಿನ ತಿಂಗಳು, ಮಳೆಯ ತಿಂಗಳು, ಮಂಜಿನ ತಿಂಗಳು ಎಂದು ಎಲ್ಲಕ್ಕೂ ಚಂದದ ಹೆಸರು. ಸಣ್ಣ ಚಂದ್ರ 20 ದಿನಕ್ಕೊಮ್ಮೆ ತುಂಬುತ್ತಾನೆ. ವರ್ಷ ಮಾತ್ರ ನಮ್ಮದರ ಹಾಗೆ 365 ದಿನ. ಕಾಲು ದಿನದ ಕಾಟ ಬೇಡವೆಂದು ಅದನ್ನು ತೆಗೆದುಹಾಕಿದ್ದಾಳೆ. ಆ ಸವಲತ್ತು ನಮ್ಮ ಭೂಮಿಯ ಪಂಚಾಂಗ ಮಾಡಿದವರಿಗೆ ಸಿಕ್ಕಿರಲಿಲ್ಲ.

ಹತ್ತು ತಿಂಗಳು, 36 ದಿನ, ಒಟ್ಟು 360. ವರ್ಷ 365. ನಾನು ಕಣ್ಣು ಕಿರಿದು ಮಾಡಿ ಕೊನೆಯ ಪುಟ ತೆಗೆದೆ. ಅಲ್ಲಿ ಕೆಂಪು ಶಾಯಿಯಲ್ಲಿ ಒಂದು ಸಾಲು: "ಉಳಿದ 5 ದಿನಗಳನ್ನು ಯಾರೂ ಎಣಿಸಬಾರದೆಂದು ರಾಣಿಯ ಅಪ್ಪಣೆ."

ಮೂವತ್ತಾರು ವರ್ಷ ಬ್ಯಾಂಕಿನ ಕ್ಲಾರ್ಕ್ ಆಗಿದ್ದವನು ನಾನು. ಸಂಜೆ ಲೆಕ್ಕದಲ್ಲಿ ಐದು ರೂಪಾಯಿ ಕಡಿಮೆ ಬಿದ್ದರೆ ರಾತ್ರಿ ಎಂಟಾದರೂ ಕುರ್ಚಿ ಬಿಟ್ಟು ಏಳುತ್ತಿರಲಿಲ್ಲ. ಐದು ದಿನ ಹೀಗೆ ಮಾಯವಾದರೆ ಸುಮ್ಮನಿರಲು ಆಗುತ್ತದೆಯೇ?

"ಪುಟ್ಟಿ, ರಾಣಿ ಎಣಿಸಬ್ಯಾಡ ಅಂದ್ರೂ ಸೂರ್ಯ ಎಣಸ್ತಾನ" ಎಂದೆ. ಹಾಳೆಯ ಮೇಲೆ ಲೆಕ್ಕ ತೋರಿಸಿದೆ. 360 ದಿನಕ್ಕೇ ವರ್ಷ ಮುಗಿಸಿದರೆ ಪ್ರತಿ ವರ್ಷ ಪಂಚಾಂಗ ಐದು ದಿನ ಮೊದಲೇ ಓಡುತ್ತದೆ. 36 ವರ್ಷಕ್ಕೆ 180 ದಿನ. ಅಂದರೆ ರಾಣಿಗೆ 36 ತುಂಬುವ ಹೊತ್ತಿಗೆ ಮಾವಿನ ತಿಂಗಳು ಚಳಿಗಾಲದಲ್ಲಿ ಬಂದು ಕೂತಿರುತ್ತದೆ. ಹೆಸರಿನಲ್ಲಿ ಮಾವು, ಗಿಡದಲ್ಲಿ ಹೂವೂ ಇಲ್ಲ.

ಅವಳು ಯೋಚಿಸಿದಳು. "ಹಂಗಾರ ವರ್ಷದ ಕಡೀಕ ಐದು ದಿನ ಸೂಟಿ ಅಂತ ಇಡೂಣು."

ಇದನ್ನು ಮಾಡಿದವರು ಇದ್ದಾರೆ. ಹಳೆಯ ಈಜಿಪ್ಟಿನವರು 30 ದಿನದ 12 ತಿಂಗಳು ಎಣಿಸಿ, ಕೊನೆಗೆ ಐದು ದಿನ ಬೇರೆ ಇಡುತ್ತಿದ್ದರು. ಇಂಗ್ಲೆಂಡಿನ ಟೋಲ್ಕಿನ್ ಎಂಬ ಪ್ರೊಫೆಸರರು ಹಾಬಿಟ್ ಎಂಬ ಕುಳ್ಳ ಜನರ ಕಥೆ ಬರೆದರಲ್ಲ, ಅವರೂ ಆ ಜನಕ್ಕಾಗಿ ಒಂದು ಪಂಚಾಂಗ ಕಟ್ಟಿದ್ದರು. ಅಲ್ಲಿಯೂ 30 ದಿನದ 12 ತಿಂಗಳು, ಯಾವ ತಿಂಗಳಿಗೂ ಸೇರದ ಐದು ದಿನ. ಎರಡು ದಿನ ವರ್ಷದ ಸಂಧಿಯಲ್ಲಿ, ಮೂರು ದಿನ ನಡುಬೇಸಿಗೆಯಲ್ಲಿ. ಆ ನಡುವರ್ಷದ ದಿನಕ್ಕೆ ವಾರವೂ ಇಲ್ಲ. ಸೋಮವಾರವೂ ಅಲ್ಲ, ಮಂಗಳವಾರವೂ ಅಲ್ಲ. ಹಾಗಾಗಿ ಪ್ರತಿ ವರ್ಷ ಪ್ರತಿ ತಾರೀಖೂ ಅದೇ ವಾರಕ್ಕೆ ಬರುತ್ತದೆ. ಬ್ಯಾಂಕಿನವರಿಗೆ ಬಹಳ ಅನುಕೂಲ.

ಆದರೆ ಮುಗಿಲೂರಿನಲ್ಲಿ ತಿಂಗಳೆಂದರೆ ಚಂದ್ರ. ಐದು ದಿನ ಸೂಟಿ ಕೊಟ್ಟರೆ ಚಂದ್ರ ಸೂಟಿ ತೆಗೆದುಕೊಳ್ಳುವುದಿಲ್ಲ. ಮರುವರ್ಷ ಹುಣ್ಣಿಮೆ ತಿಂಗಳ ಮೊದಲ ದಿನ ಬಿಟ್ಟು ಬೇರೆಲ್ಲೋ ಬೀಳುತ್ತದೆ. ಸೇರಿಸಿದರೆ ಚಂದ್ರ ಮುನಿಸಿಕೊಳ್ಳುತ್ತಾನೆ, ಸೇರಿಸದಿದ್ದರೆ ಸೂರ್ಯ. ಇಬ್ಬರನ್ನೂ ಒಂದೇ ಪಂಕ್ತಿಯಲ್ಲಿ ಕೂರಿಸಿ ಊಟ ಹಾಕುವುದು ಹೇಗೆ?

"ಅಡಗಿಮನಿಗೆ ಹೋಗಿ ನಿಮ್ಮಜ್ಜೀನ್ನ ಕೇಳು, ಅನಾರಸ ಎಷ್ಟ ಮಾಡತಾರ ಅಂತ" ಎಂದೆ. ಓಡಿಹೋಗಿ ಬಂದಳು. "ಅಧಿಕ ಮಾಸದಾಗ ಅಳಿಯಾಗ ಮೂವತ್ಮೂರು ಕೊಡಬೇಕಂತ."

ಆ 33ರಲ್ಲಿಯೇ ನಮ್ಮ ಹಿರಿಯರ ಉತ್ತರವಿದೆ. ನಮ್ಮ ಚಂದ್ರನ 12 ತಿಂಗಳಿಗೆ ಸುಮಾರು 354 ದಿನ. ಸೂರ್ಯನ ವರ್ಷಕ್ಕೆ 365 ದಿನದ ಮೇಲೆ ಕಾಲು. ವರ್ಷಕ್ಕೆ ಹೆಚ್ಚುಕಡಿಮೆ 11 ದಿನ ಲೆಕ್ಕ ಹೊಂದುವುದಿಲ್ಲ. ಬ್ಯಾಂಕಿನಲ್ಲಿ ಹೀಗೆ ಹೊಂದದೆ ಉಳಿದ ಹಣವನ್ನು ಸಸ್ಪೆನ್ಸ್ ಖಾತೆ ಎಂಬುದಕ್ಕೆ ಹಾಕುತ್ತಿದ್ದೆವು. ಅದು ಎಲ್ಲಿಯದೆಂದು ಗೊತ್ತಾಗುವವರೆಗೆ ಅಲ್ಲಿ ಇರುತ್ತದೆ, ಕಸದ ಬುಟ್ಟಿಗೆ ಹೋಗುವುದಿಲ್ಲ. ಪಂಚಾಂಗವೂ ಹಾಗೆಯೇ ಆ 11 ದಿನಗಳನ್ನು ಕೂಡಿಡುತ್ತದೆ. 33 ತಿಂಗಳ ಸುಮಾರಿಗೆ ಅದು ಪೂರ್ತಿ ಒಂದು ತಿಂಗಳಾಗುತ್ತದೆ. ಸೂರ್ಯ ಹೊಸ ರಾಶಿಗೆ ಕಾಲಿಡದೆಯೇ ಒಂದು ಚಾಂದ್ರಮಾಸ ಕಳೆದರೆ ಅದೇ ಅಧಿಕ ಮಾಸ. ನಮ್ಮ ನೆರೆಯ ಮರಾಠಿ ಮನೆಗಳಲ್ಲಿ ಅದನ್ನು ಧೋಂಡಾ ತಿಂಗಳು ಅನ್ನುತ್ತಾರೆ. 19 ವರ್ಷದಲ್ಲಿ ಇಂಥ ಏಳು ತಿಂಗಳು ಸೇರಿಸಿದರೆ ಸೂರ್ಯ ಚಂದ್ರರ ಲೆಕ್ಕ ಕೆಲವೇ ಗಂಟೆಗಳ ವ್ಯತ್ಯಾಸದಲ್ಲಿ ಟ್ಯಾಲಿ ಆಗುತ್ತದೆ.

ಇದೊಂದೇ ದಾರಿ ಅಂತಲ್ಲ. ಮುಸ್ಲಿಮರ ಹಿಜರಿ ಪಂಚಾಂಗ ಚಂದ್ರನನ್ನಷ್ಟೇ ನಂಬಿ ನಡೆಯುತ್ತದೆ, ಅಧಿಕ ಮಾಸವೇ ಇಲ್ಲ. ಅದಕ್ಕೇ ರಂಜಾನ್ ಸುಮಾರು 33 ವರ್ಷದಲ್ಲಿ ಎಲ್ಲ ಋತುಗಳನ್ನೂ ಸುತ್ತಿ ಬರುತ್ತದೆ. ಬೆಳಗಾವಿಯ ಜಡಿಮಳೆಯಲ್ಲಿಯೂ ಅದನ್ನು ನೋಡಿದ್ದೇನೆ, ಏಪ್ರಿಲ್ ಬಿಸಿಲಿನಲ್ಲಿಯೂ ನೋಡಿದ್ದೇನೆ. ಅದು ತಪ್ಪಲ್ಲ, ಅವರು ಆರಿಸಿಕೊಂಡ ರೀತಿ.

ಖಾನಾಪುರದ ನಮ್ಮಪ್ಪ ಒಕ್ಕಲಿಗನಾದ್ದರಿಂದ ಅವನಿಗೆ ಸೂರ್ಯನೇ ಸಾಕಾಗಿದ್ದ. ಸೂರ್ಯ ಒಂದೊಂದು ನಕ್ಷತ್ರದಲ್ಲಿ 13-14 ದಿನ ಇರುತ್ತಾನೆ, ಆ ದಿನಗಳಲ್ಲಿ ಬಂದ ಮಳೆಗೆ ಆ ನಕ್ಷತ್ರದ್ದೇ ಹೆಸರು. ಮೇ ಕೊನೆಯ ವಾರ ರೋಹಿಣಿ, ಜೂನ್ 7-8ಕ್ಕೆ ಮೃಗಶಿರಾ, 22ರ ಸುಮಾರಿಗೆ ಆರಿದ್ರಾ, ಆಮೇಲೆ ಪುನರ್ವಸು, ಪುಷ್ಯ, ಆಶ್ಲೇಷಾ, ಮಘಾ. ಪಕ್ಕದ ಮನೆಯ ಮರಾಠಿ ಅಜ್ಜಿ ಪುನರ್ವಸುವಿನ ಮಳೆಯನ್ನು ಹರೆಯದ ಮಳೆ, ಪುಷ್ಯದ್ದನ್ನು ಮುದುಕ ಮಳೆ ಎಂದು ಕರೆಯುತ್ತಿದ್ದಳು. ಅಧಿಕ ಮಾಸ ಬರಲಿ ಬಿಡಲಿ, ಮೃಗಶಿರಾ ಪ್ರತಿ ವರ್ಷ ಅದೇ ತಾರೀಖಿಗೆ ಬರುತ್ತದೆ. ಮಳೆ ಬರುತ್ತದೆಯೋ ಇಲ್ಲವೋ ಅದು ಬೇರೆ ಮಾತು.

ಮೊಮ್ಮಗಳಿಗೆ ಇನ್ನೂ ರಾಣಿಯ ಚಿಂತೆ. "ಆದ್ರ ರಾಣಿ ಆರ್ಡರ್ ಕೊಟ್ರ ಜನ ಕೇಳಬೇಕಲ್ಲಾ ಅಜ್ಜಾ?"

ನಮ್ಮ ನೆಲದಲ್ಲಿಯೇ ಅಂಥ ಅಪ್ಪಣೆಗಳು ಬೇಕಾದಷ್ಟು ಆಗಿಹೋಗಿವೆ. ಖಾನಾಪುರ ತಾಲ್ಲೂಕಿನ ಹಲಸಿಯನ್ನೇ ನೋಡಿ. ಅಲ್ಲಿ ಸಿಕ್ಕ ಹಳೆಯ ಕದಂಬರ ತಾಮ್ರಪಟಗಳಲ್ಲಿ ಕಾಲ ಎಣಿಸುವುದು ಅರಸನ ಆಳ್ವಿಕೆಯ ಇಷ್ಟನೆಯ ವರ್ಷ ಎಂದು. ಅರಸ ಬದಲಾದರೆ ಮತ್ತೆ ಒಂದರಿಂದ ಶುರು. ಅದೇ ಊರಿನ ನರಸಿಂಹ ದೇವಸ್ಥಾನದ ಶಾಸನದಲ್ಲಿ ಗೋವೆಯ ಕದಂಬರು ಬರೆಸಿದ್ದು ಕಲಿಯುಗದ 4270ನೆಯ ವರ್ಷ! ಗಾಬರಿಯಾಗಬೇಡಿ. ಅದರಲ್ಲಿ 3101 ಕಳೆಯಿರಿ, 1169 ಬರುತ್ತದೆ. ಅದು ನಾವು ಬಳಸುವ ಇಸವಿ. ಒಂದೇ ಊರು, ಒಂದೇ ಹೆಸರಿನ ಎರಡು ಮನೆತನ, ಎರಡು ಬಗೆಯ ಎಣಿಕೆ.

ಅವರಿಗಿಂತ ಸುಮಾರು ನೂರು ವರ್ಷ ಹಿಂದೆ, 1076ರಲ್ಲಿ, ಕಲ್ಯಾಣದ ಚಾಲುಕ್ಯ ಅರಸ ಆರನೆಯ ವಿಕ್ರಮಾದಿತ್ಯ ಪಟ್ಟಕ್ಕೆ ಬಂದ. ಹಳೆಯ ಶಕವರ್ಷ ಬದಿಗಿಟ್ಟು ತನ್ನದೇ ಹೊಸ ಶಕೆ ಸಾರಿದ, ಅದೇ ಚಾಲುಕ್ಯ ವಿಕ್ರಮ ಶಕೆ. ಅವನು ಐವತ್ತು ವರ್ಷ ಆಳಿದ. ನೂರಾರು ಕನ್ನಡ ಶಾಸನಗಳಲ್ಲಿ ಆ ಲೆಕ್ಕವಿದೆ. ಅವನ ತರುವಾಯವೂ ಕೆಲಕಾಲ ನಡೆದು, ಆಮೇಲೆ ನಿಂತುಹೋಯಿತು. ಬದಿಗಿಟ್ಟ ಶಕವರ್ಷ ಮಾತ್ರ ಇಂದಿಗೂ ಯುಗಾದಿಯ ಪಂಚಾಂಗದಲ್ಲಿದೆ.

ಮೈಸೂರಿನಲ್ಲಿ ಟಿಪ್ಪು ಸುಲ್ತಾನನೂ 1780ರ ದಶಕದಲ್ಲಿ ಹೊಸ ಪಂಚಾಂಗ ಮಾಡಿಸಿದ. ತಿಂಗಳಿಗೆಲ್ಲ ಹೊಸ ಹೆಸರು: ಮೊದಲನೆಯದು ಅಹಮದಿ, ಎರಡನೆಯದು ಬಹಾರಿ. ಅರವತ್ತು ಸಂವತ್ಸರಗಳಿಗೂ ಬೇರೆ ಹೆಸರು. ಒಳಗಿನ ಲೆಕ್ಕ ಮಾತ್ರ ನಮ್ಮ ಚಾಂದ್ರಮಾನದ್ದೇ, ಅದೇ ಅರವತ್ತು ವರ್ಷದ ಸುತ್ತು. ಅವನ ನಾಣ್ಯಗಳ ಮೇಲೆ ಅಂಕಿಗಳನ್ನೂ ಬಲದಿಂದ ಎಡಕ್ಕೆ ಹೊಡೆಸಿದ. 1215 ಎಂಬ ವರ್ಷ ನಮ್ಮ ಕಣ್ಣಿಗೆ 5121 ಎಂದು ಕಾಣುತ್ತದೆ. ಕ್ಯಾಶಿಯರ್ ಆಗಿದ್ದರೆ ನಾನು ತಲೆ ಕೆರೆದುಕೊಳ್ಳುತ್ತಿದ್ದೆ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದಿತು, ಆ ಪಂಚಾಂಗವೂ ಅಲ್ಲಿಗೇ ಮುಗಿಯಿತು.

ಹೋಗಲಿ, ಅರಸರ ಮಾತು ಬಿಡಿ. ನಮ್ಮ ಸ್ವತಂತ್ರ ಭಾರತವೂ ಒಂದು ಹೊಸ ಪಂಚಾಂಗ ಮಾಡಿತು. ದೇಶದಲ್ಲಿ ಆಗ ಸುಮಾರು 30 ಬಗೆಯ ಪಂಚಾಂಗಗಳಿದ್ದವು. 1952ರಲ್ಲಿ ವಿಜ್ಞಾನಿ ಮೇಘನಾದ ಸಹಾ ಅವರ ಅಧ್ಯಕ್ಷತೆಯಲ್ಲಿ ಒಂದು ಸಮಿತಿ ಕೂತು ಎಲ್ಲವನ್ನೂ ತೂಗಿ ನೋಡಿತು. 1957ರ ಮಾರ್ಚ್ 22, ಶಕ 1879ರ ಚೈತ್ರ 1 ಎಂದು ರಾಷ್ಟ್ರೀಯ ಪಂಚಾಂಗ ಶುರುವಾಯಿತು. ಅದರಲ್ಲಿ ಚೈತ್ರ, ವೈಶಾಖ ಎಂಬ ಹೆಸರುಗಳಿದ್ದರೂ ಚಂದ್ರನಿಗೆ ಕೆಲಸವಿಲ್ಲ, ಪೂರ್ತಿ ಸೂರ್ಯನ ಲೆಕ್ಕ. ವೈಶಾಖದಿಂದ ಭಾದ್ರಪದದವರೆಗೆ 31 ದಿನ, ಉಳಿದವಕ್ಕೆ 30. ನಾಲ್ಕು ವರ್ಷಕ್ಕೊಮ್ಮೆ ಚೈತ್ರಕ್ಕೂ ಒಂದು ದಿನ ಹೆಚ್ಚು. ಬಹಳ ಚೊಕ್ಕ ಲೆಕ್ಕ. ಆದರೆ ನಿಮ್ಮ ಮನೆಯಲ್ಲಿ ಯಾರಾದರೂ ಆ ತಾರೀಖು ಹೇಳುತ್ತಾರೆಯೇ?

ನನಗೆ ಒಬ್ಬರೇ ಒಬ್ಬರು ಸಿಕ್ಕಿದ್ದರು. 1988ರಲ್ಲಿ, ರಾಜ್ಯೋತ್ಸವದ ಮರುದಿನ, ಬಿಳಿ ಟೋಪಿಯ ಒಬ್ಬ ನಿವೃತ್ತ ಮಾಸ್ತರರು ನನ್ನ ಕೌಂಟರಿಗೆ ಒಂದು ಚೆಕ್ ಕೊಟ್ಟರು. ತಾರೀಖಿನ ಜಾಗದಲ್ಲಿ "11 ಕಾರ್ತಿಕ 1910" ಎಂದಿತ್ತು. ಆಗ ಚೆಕ್ಕಿಗೆ ಆರು ತಿಂಗಳ ಆಯುಷ್ಯ. ನಾನು ಗಂಭೀರವಾಗಿ, "ಸರ್, ಇದು ಎಪ್ಪತ್ತೆಂಟು ವರ್ಷ ಹಳೇದು, ಪಾಸ್ ಆಗೂದಿಲ್ಲ" ಎಂದೆ. ಅವರು ಸಿಟ್ಟಾಗಲಿಲ್ಲ. "1910ರಾಗ ನಾನು ಹುಟ್ಟೇ ಇರಲಿಲ್ಲಪಾ, ಸಹಿ ಹೆಂಗ ಮಾಡಲಿ? ನಿಮ್ಮ ಮ್ಯಾನೇಜರ್ರನ್ನ ಕೇಳು" ಎಂದರು. ಮ್ಯಾನೇಜರರು ಚೆಕ್ ನೋಡಿ ನನ್ನತ್ತ ತಿರುಗಿ, "ಇದು ಭಾರತ ಸರಕಾರದ ಪಂಚಾಂಗ. ಇವತ್ತಿನದೇ ತಾರೀಖು. ದುಡ್ಡು ಕೊಡು" ಎಂದರು. ಇಂಥ ಚೆಕ್ಕನ್ನು ಒಪ್ಪಬೇಕೆಂದು ರಿಸರ್ವ್ ಬ್ಯಾಂಕಿನ ಸೂಚನೆಯೇ ಇದೆ. ನನ್ನ ಬಿ.ಕಾಂ. ಅಂದು ಕೌಂಟರಿನ ಕೆಳಗೆ ಅಡಗಿ ಕೂತಿತ್ತು.

ಮೊಮ್ಮಗಳು ನಕ್ಕು ಸುಸ್ತಾದ ಮೇಲೆ ನಾನು ಮತ್ತೆ ಆ ಕೆಂಪು ಸಾಲಿಗೆ ಬೆರಳಿಟ್ಟೆ. "ಎಣಿಸದ ಐದು ದಿನದಾಗ ಯಾರಾದರೂ ಹುಟ್ಟಿದರ?"

ಅವಳು ಅದನ್ನು ಯೋಚಿಸಿರಲಿಲ್ಲ.

ಅವಳಿಗೆ ಹೇಳಿದ್ದನ್ನು ನಿಮಗೂ ಹೇಳುತ್ತೇನೆ. ನಮ್ಮ ಕಾಲದವರ ಶಾಲೆಯ ಸರ್ಟಿಫಿಕೇಟು ತೆಗೆದು ನೋಡಿ, ಬಹಳ ಮಂದಿಯ ಹುಟ್ಟಿದ ದಿನ ಜೂನ್ 1. ಶಾಲೆ ಜೂನ್‌ನಲ್ಲಿ ಶುರು, ಹುಡುಗನಿಗೆ ವಯಸ್ಸು ತುಂಬಿರಬೇಕು, ಅಪ್ಪನಿಗೆ ತಾರೀಖು ಗೊತ್ತಿಲ್ಲ. ಮಾಸ್ತರರು ಹುಡುಗನನ್ನು ಮೇಲಿಂದ ಕೆಳಗೆ ನೋಡಿ ಬರೆದುಬಿಡುತ್ತಿದ್ದರು. ನಾನು ಅಕ್ಕನ ಬೆನ್ನು ಹತ್ತಿ ಅಳುತ್ತ ಶಾಲೆಗೆ ಹೋದವನು. ನನಗೆ ಬಿದ್ದ ತಾರೀಖು 1-6-1946.

ಅವ್ವ ಶಾಲೆಯ ಮುಖ ನೋಡಿದವಳಲ್ಲ. ಅವಳ ಲೆಕ್ಕ ಬೇರೆಯೇ ಇತ್ತು. "ನೀ ಅಧಿಕ ಶ್ರಾವಣದಾಗ ಹುಟ್ಟಿದಾಂವ. ಎರಡನೇ ಏಕಾದಶಿ. ಆಶ್ಲೇಷಾ ಮಳಿ ಹೊಡದು ಹೊಳಿ ತುಂಬಿತ್ತು. ಅದಾಗಿ ಮೂರ ದಿನಕ್ಕ ಊರಾಗ ಝೇಂಡಾ ಹಾರಿತು." ಇಷ್ಟನ್ನು ಅವಳು ನೂರು ಸಲ ಹೇಳಿರಬೇಕು. ನಾನು ಹೂಂಗುಟ್ಟಿದ್ದೆ, ಅಷ್ಟೇ.

ನಿವೃತ್ತಿಯ ಹತ್ತಿರ ಬಂದಾಗ ಒಂದು ದಿನ ಹಳೆಯ ಪಂಚಾಂಗ ಹುಡುಕಿ ಕೂತೆ. ಶ್ರಾವಣ ಅಧಿಕವಾಗಿ ಬಂದ ವರ್ಷ 1947. ಅದರ ಕೃಷ್ಣ ಪಕ್ಷದ ಏಕಾದಶಿ ಆಗಸ್ಟ್ 12, ಮಂಗಳವಾರ. ಆಶ್ಲೇಷಾ ಮಳೆ ಆಗಸ್ಟಿನ ಮೊದಲ ಎರಡು ವಾರ. ಝೇಂಡಾ ಹಾರಿದ್ದು 15ಕ್ಕೆ. ಚಂದ್ರನ ಲೆಕ್ಕ, ಸೂರ್ಯನ ಲೆಕ್ಕ, ದೇಶದ ಲೆಕ್ಕ, ಮೂರೂ ಬಂದು ಒಂದೇ ದಿನದ ಮೇಲೆ ನಿಂತವು. ಅವ್ವ ತೀರಿಕೊಂಡು ಆಗಲೇ ಬಹಳ ವರ್ಷವಾಗಿತ್ತು.

ತಿಂಗಳ ಮೊದಲ ತಾರೀಖಿಗೆ ಹುಟ್ಟಿದವರು ಹಿಂದಿನ ತಿಂಗಳ ಕೊನೆಯ ದಿನವೇ ನಿವೃತ್ತರಾಗಬೇಕು, ಅದು ನಿಯಮ. 2006ರ ಮೇ 31ಕ್ಕೆ ನನಗೆ ಹಾರ ಹಾಕಿ ತೆಂಗಿನಕಾಯಿ ಕೊಟ್ಟು ಕಳಿಸಿದರು. ನಾನು ಹುಟ್ಟಿದ ಸರ್ವಜಿತು ಸಂವತ್ಸರ ಅರವತ್ತು ವರ್ಷ ಸುತ್ತಿ ಮರಳಿ ಬಂದದ್ದು 2007ರ ಯುಗಾದಿಗೆ. ಕಾಗದಕ್ಕೂ ಅವ್ವನ ಮಾತಿಗೂ ನಡುವೆ 14 ತಿಂಗಳು 11 ದಿನ. ನೌಕರಿಗೆ ಸೇರುವಾಗ ಬರೆಸಿದ ತಾರೀಖು ಕೊನೆಗಾಲಕ್ಕೆ ತಿದ್ದಲು ಬರುವುದಿಲ್ಲ. ಆ ವರ್ಷ ಮಗನ ಎಂಜಿನಿಯರಿಂಗ್ ಇನ್ನೂ ಒಂದು ವರ್ಷ ಬಾಕಿ ಇತ್ತು. ಮನೆಯಾಕೆಯ ಪಾಟ್ಲಿ ಅಡವಿಡಲು ಅದೇ ಕೌಂಟರಿಗೆ ಹೋದೆ, ಈ ಸಲ ಹೊರಬದಿಯಲ್ಲಿ ನಿಂತೆ. ಬಿಲ್ಲೆ ಹಿಡಿದು ನನ್ನ ನಂಬರ್ ಬರುವವರೆಗೆ ಕಾದೆ.

"ಅಜ್ಜಾ, ನಿನ್ನ ಹದಿನಾಕು ತಿಂಗಳು ಯಾರು ತಿಂದರು?" ಮೊಮ್ಮಗಳ ಕಣ್ಣಲ್ಲಿ ನೀರು.

"ಯಾರೂ ತಿಂದಿಲ್ಲ" ಎಂದೆ. ಲೆಕ್ಕ ಲೆಕ್ಕವೇ. ವಯಸ್ಸು ತುಂಬುವ ಮೊದಲೇ ಶಾಲೆಗೆ ಹೋದೆ, ಹಾಗಾಗಿ ಕಾಲೇಜು ಬೇಗ ಮುಗಿಯಿತು, ನೌಕರಿಯೂ ಬೇಗ ಸಿಕ್ಕಿತು. ಮುಂಚೆ ಜಮಾ ಆಗಿತ್ತು, ಆಮೇಲೆ ಖರ್ಚು ಬಿತ್ತು. ಇದನ್ನು ಅವಳಿಗೆ ಎರಡು ಕಾಲಂ ಮಾಡಿ ಬರೆದು ತೋರಿಸಿದೆ. ಅವಳು ಒಪ್ಪಲಿಲ್ಲ. ನಿಜ ಹೇಳಬೇಕೆಂದರೆ ಆ ಕೌಂಟರಿನ ಹೊರಬದಿ ನಿಂತಿದ್ದಾಗ ನಾನೂ ಒಪ್ಪಿರಲಿಲ್ಲ.

2023ರಲ್ಲಿ ಮತ್ತೆ ಅಧಿಕ ಶ್ರಾವಣ ಬಂತು. 1947ಕ್ಕೆ 76 ಕೂಡಿಸಿ, 76 ಅಂದರೆ ನಾಲ್ಕು ಹತ್ತೊಂಬತ್ತು. ಆ ಸಲವೂ ಎರಡನೇ ಏಕಾದಶಿ ಬಿದ್ದದ್ದು ಸರಿಯಾಗಿ ಆಗಸ್ಟ್ 12ಕ್ಕೆ. ಎರಡನೇ ಶನಿವಾರ, ಬ್ಯಾಂಕಿಗೂ ಸೂಟಿ! ಮನೆಯಲ್ಲಿ ಯಾರಿಗೂ ಏನೂ ಹೇಳದೆ ಬಸ್ಸು ಹತ್ತಿ ಖಾನಾಪುರಕ್ಕೆ ಹೋಗಿ ಮಲಪ್ರಭೆಯ ದಂಡೆಯ ಮೇಲೆ ಅರ್ಧ ತಾಸು ಕೂತು ಬಂದೆ.

"ಮತ್ತ ನನಗ್ಯಾಕ ಹೇಳಲಿಲ್ಲ?" ಎಂದು ಅವಳು ಜಗಳ ತೆಗೆದಳು. ಆಮೇಲೆ ಪೆನ್ನು ತೆಗೆದುಕೊಂಡು ರಾಣಿಯ ಅಪ್ಪಣೆಯ ಮೇಲೆ ಗೆರೆ ಎಳೆದಳು. ಮುಗಿಲೂರಿನ ಹೊಸ ನಿಯಮ ಹೀಗಿದೆ: ಪ್ರತಿ ವರ್ಷ ಐದು ದಿನ ಖಾತೆಗೆ ಜಮಾ. 36 ದಿನ ತುಂಬಿದ ವರ್ಷ ಒಂದು ಅಧಿಕ ಮಾಸ, ಉಳಿದದ್ದು ಮುಂದಿನ ಲೆಕ್ಕಕ್ಕೆ. ಇಬ್ಬರೂ ಕೂತು ಕೂಡಿಸಿದೆವು. 8, 15, 22, 29 ಮತ್ತು 36ನೆಯ ವರ್ಷಗಳಿಗೆ ಅಧಿಕ ಮಾಸ ಬರುತ್ತದೆ. 36 ವರ್ಷಕ್ಕೆ 180 ದಿನ, ಸರಿಯಾಗಿ ಐದು ತಿಂಗಳು, ಒಂದು ದಿನವೂ ಉಳಿಯುವುದಿಲ್ಲ. ನಮ್ಮ ಪಂಚಾಂಗಕ್ಕೂ ಇಷ್ಟು ಚೊಕ್ಕ ಟ್ಯಾಲಿ ಇಲ್ಲ. ಕಾಲು ದಿನ ತೆಗೆದುಹಾಕಿದ್ದರ ಲಾಭ ಅದು. ಊರಿನಲ್ಲಿ ಹುಟ್ಟಿದವರ ದಿನ ಬರೆಯಲು ಒಬ್ಬ ಗುಮಾಸ್ತನನ್ನೂ ನೇಮಿಸಿದ್ದಾಳೆ. ಅವನು ತಾಯಂದಿರನ್ನು ಕೇಳಿಯೇ ಬರೆಯಬೇಕಂತೆ.

ನಿಮ್ಮ ಮನೆಯಲ್ಲಿಯೂ ಜೂನ್ 1ರ ಅಜ್ಜ ಅಜ್ಜಿ ಇದ್ದರೆ ಕೇಳಿ ನೋಡಿ. ಯಾವ ಮಳೆ, ಯಾವ ಹಬ್ಬದ ಹಿಂದೆ ಮುಂದೆ, ಅಮಾವಾಸ್ಯೆ ಹತ್ತಿರವೋ ಹುಣ್ಣಿಮೆಯೋ, ಊರಲ್ಲಿ ಆ ವರ್ಷ ಏನಾಗಿತ್ತು. ಅವರ ತಾಯಿ ಹೇಳಿದ್ದು ನೆನಪಿದ್ದರೆ ಇದ್ದ ಹಾಗೆಯೇ ಬರೆದುಕೊಳ್ಳಿ. ಎರಡು ಮೂರು ಗುರುತು ಸಿಕ್ಕರೆ ಹಳೆಯ ಪಂಚಾಂಗದಲ್ಲಿ ದಿನ ಸಿಗುತ್ತದೆ.

ನೋಟುಬುಕ್ಕು ಇನ್ನೂ ನನ್ನ ಹತ್ತಿರವೇ ಇದೆ. ಸಣ್ಣ ಚಂದ್ರನ ಲೆಕ್ಕ ಬಾಕಿ. ಮುಗಿಲೂರಿನಲ್ಲಿ ಇವತ್ತು ರಾತ್ರಿ ಎರಡೂ ಚಂದ್ರರು ಒಟ್ಟಿಗೆ ತುಂಬಿದ್ದಾರೆ ಎಂದುಕೊಳ್ಳಿ, ಒಬ್ಬನಿಗೆ 36 ದಿನ, ಇನ್ನೊಬ್ಬನಿಗೆ 20. ಮತ್ತೆ ಜೋಡಿ ಹುಣ್ಣಿಮೆ ಎಷ್ಟು ದಿನಕ್ಕೆ? ನನ್ನ ಉತ್ತರ ಮುಂದಿನ ವಾರ. ಅಷ್ಟರೊಳಗೆ ನೀವು ಮಾಡಿ ಇಟ್ಟಿರಿ.